ಕಾವಲಿನ ಲೇಸರ್‌ಗೆ ಬೇಲಿ ಇದೆ, ಬೀದಿಯ ಲೇಸರ್‌ಗೆ?

ಕಳೆದ ಗಣೇಶ ಹಬ್ಬದಲ್ಲಿ ತಳಕಿನ ನಮ್ಮ ಬೀದಿ ತುಂಬಾ ಹಸಿರು ಗೆರೆ ಓಡಾಡ್ತಿದ್ವು. ಡಿಜೆ ಮುಂದೆ ಕುಣಿಯುತ್ತಿದ್ದ ಹುಡುಗರ ಮುಖದ ಮೇಲೂ. ಒಬ್ಬನ ಫೋನಿನ ಕ್ಯಾಮೆರಾ ಸುಟ್ಟುಹೋಗಿ ದೊಡ್ಡ ಗಲಾಟೆಯಾಯಿತು. ಕಣ್ಣಿನ ಬಗ್ಗೆ ಯಾರೂ ಕೇಳಲಿಲ್ಲ.

ಅದೇ ವಾರ ದೊಡ್ಡಪ್ಪನನ್ನು ಬಳ್ಳಾರಿಗೆ ಕರ್ಕೊಂಡು ಹೋಗಿದ್ದೆ. ಶುಗರ್‌ನಿಂದ ಹಾಳಾಗ್ತಿದ್ದ ರೆಟಿನಾಕ್ಕೆ ಲೇಸರ್ ಹಾಕಿಸೋದಿತ್ತು. ಅಲ್ಲೂ ಹಸಿರು ಬೆಳಕೇ. ಆದರೆ ಬಾಗಿಲ ಮೇಲೆ ಹಳದಿ ತ್ರಿಕೋನದ ಎಚ್ಚರಿಕೆ, ಒಳಗಿದ್ದ ಸಿಬ್ಬಂದಿಗೆ ವಿಶೇಷ ಕನ್ನಡಕ.

ಎರಡೂ ಕಡೆಯ ಹಸಿರು ಬಹುತೇಕ ಒಂದೇ: ತರಂಗಾಂತರ ಸುಮಾರು 532 ನ್ಯಾನೋಮೀಟರ್. 400ರಿಂದ 1400 ನ್ಯಾನೋಮೀಟರ್ ನಡುವಿನ ಬೆಳಕನ್ನು ಕಣ್ಣಿನ ಮಸೂರ ರೆಟಿನಾದ ಮೇಲೆ ಒಂದು ಚುಕ್ಕೆಗೆ ತಂದು ನಿಲ್ಲಿಸುತ್ತೆ. ಅಲ್ಲಿ ಅದರ ತೀವ್ರತೆ ಲಕ್ಷ ಪಟ್ಟು ಏರಬಹುದು. ಡಾಕ್ಟರಿಗೆ ಬೇಕಿರುವುದೂ ಇದೇ, ಮೆರವಣಿಗೆಯ ಅಪಾಯವೂ ಇದೇ. ಚಷ್ಮಾ ಬಿಡಿಸುವ ಲೇಸಿಕ್‌ನ 193 ನ್ಯಾನೋಮೀಟರ್ ಕಿರಣ ಕಾರ್ನಿಯಾ ದಾಟುವುದಿಲ್ಲ. ಕಿಡ್ನಿ ಕಲ್ಲು ಒಡೆಯುವ ಹೋಲ್ಮಿಯಂ ಲೇಸರ್ 2100ರ ಆಸುಪಾಸು, ಅದನ್ನು ನೀರೇ ಹೀರಿಕೊಳ್ಳುತ್ತೆ.

ಅಪಾಯ ಅಳೆಯೋಕೆ ಅಂತರರಾಷ್ಟ್ರೀಯ ಮಾನದಂಡವೊಂದಿದೆ, ಐಇಸಿ 60825-1. ಭಾರತೀಯ ಮಾನಕ ಸಂಸ್ಥೆಯೂ ಅದನ್ನು ಅಳವಡಿಸಿಕೊಂಡಿದೆ. 1ನೇ ವರ್ಗ ಸುರಕ್ಷಿತ. 2ನೇ ವರ್ಗ ಅಂದರೆ ಕಣ್ಣಿಗೆ ಕಾಣುವ, 1 ಮಿಲಿವ್ಯಾಟ್ ಒಳಗಿನ ಕಿರಣ. ಕಾಲು ಸೆಕೆಂಡಿನಲ್ಲಿ ರೆಪ್ಪೆ ತಾನೇ ಮುಚ್ಚಿ ಕಾಪಾಡುತ್ತೆ. 3ಬಿ ನೇರ ಬಡಿದರೆ ಗಾಯ. 500 ಮಿಲಿವ್ಯಾಟ್ ದಾಟಿದರೆ 4ನೇ ವರ್ಗ, ಚರ್ಮಕ್ಕೂ ಬಟ್ಟೆಗೂ ಬೆಂಕಿ ತಗುಲಬಹುದು. ರೆಟಿನಾ ಚಿಕಿತ್ಸೆಯ ಯಂತ್ರಗಳು ಸಾಮಾನ್ಯವಾಗಿ 4ನೇ ವರ್ಗದವು. ಶೋ ಲೇಸರ್‌ಗಳಲ್ಲೂ ಹಲವು ಹಾಗೇ. ಅಗ್ಗದ ಹಸಿರು ಲೇಸರ್‌ಗಳಲ್ಲಿ ಇನ್ನೊಂದು ಕಾಟ: 808 ಮತ್ತು 1064 ನ್ಯಾನೋಮೀಟರಿನ ಅವಗೆಂಪು ಕಿರಣವೂ ಸೋರಬಹುದು. ಅದು ಕಾಣೋದೇ ಇಲ್ಲ, ರೆಪ್ಪೆ ಮುಚ್ಚೋದೆಲ್ಲಿ?

ನಮ್ಮ ತಾಲ್ಲೂಕಿಗೆ ಲೇಸರ್ ಹೊಸದಲ್ಲ. ಅಮೃತಮಹಲ್ ಕಾವಲು ಡಿಆರ್‌ಡಿಒ, ಐಐಎಸ್‌ಸಿ, ಬಿಎಆರ್‌ಸಿಗಳಿಗೆ ಹಂಚಿಹೋದ ಮೇಲೆ ಕುರಿ ಕಾಯೋರಿಗೆ ಉಳಿದದ್ದು ಬೇಲಿ. 2017ರಲ್ಲಿ ಚಿತ್ರದುರ್ಗದ ಡಿಆರ್‌ಡಿಒ ನೆಲೆಯಲ್ಲಿ 1 ಕಿಲೋವ್ಯಾಟ್ ಲೇಸರ್ ಪರೀಕ್ಷಿಸಿದ್ದು ವರದಿಯಾಗಿತ್ತು: 250 ಮೀಟರ್ ದೂರದ ಲೋಹದ ತಗಡು ತೂತಾಗೋಕೆ 36 ಸೆಕೆಂಡ್. 2025ರ ಏಪ್ರಿಲ್‌ನಲ್ಲಿ ಕರ್ನೂಲಿನಲ್ಲಿ ತೋರಿಸಿದ್ದು 30 ಕಿಲೋವ್ಯಾಟಿನದು, ಡ್ರೋನ್ ಉರುಳಿಸಿತು. ಆ ಬೇಲಿಯ ಬಗ್ಗೆ ನನ್ನ ತಕರಾರು ಬೇರೆಯೇ ಇದೆ, ಆದರೆ ಲೇಸರ್ ಮಟ್ಟಿಗಾದರೂ ಅದು ಜನರನ್ನು ದೂರ ಇಟ್ಟಿದೆ. ಶಾಶ್ವತವಾಗಿ ಕುರುಡು ಮಾಡಲೆಂದೇ ರೂಪಿಸಿದ ಲೇಸರ್ ಅಸ್ತ್ರವನ್ನು 1995ರ ಒಪ್ಪಂದ ನಿಷೇಧಿಸಿದೆ, ಭಾರತವೂ ಅದಕ್ಕೆ ಸೇರಿದೆ. ಅಂದರೆ ಶತ್ರು ಸೈನಿಕನ ಕಣ್ಣಿಗೂ ಕಾನೂನಿನ ರಕ್ಷಣೆ ಉಂಟು.

ಮೆರವಣಿಗೆಯ ಹುಡುಗನ ಕಣ್ಣಿಗೆ? ನಮ್ಮ ಗೆಳೆಯರ ಗುಂಪು ತುಂಬಿದ ಅನುಮತಿ ಅರ್ಜಿಯಲ್ಲಿ ದಾರಿ, ಹೊತ್ತು, ಸೌಂಡು ಎಲ್ಲಾ ಕೇಳಿದ್ರು. ಲೇಸರ್‌ಗೆ ಕಾಲಮ್ಮೇ ಇರಲಿಲ್ಲ.

2024ರ ಗಣೇಶೋತ್ಸವಕ್ಕೆ ಪುಣೆ ಪೊಲೀಸರು ಲೇಸರ್ ಬೀಮ್‌ಗಳನ್ನೇ ನಿಷೇಧಿಸಿದರು. ನನಗೆ ಪೂರ್ತಿ ನಿಷೇಧ ಅಷ್ಟಾಗಿ ಹಿಡಿಸಲ್ಲ. ಯಾರ ಮೆರವಣಿಗೆ ಅಂತ ನೋಡಿ ಲಾಠಿ ಬೀಸೋಕೆ ಅದೊಂದು ನೆಪ ಆಗಿಬಿಡುತ್ತೆ. ಅಮೆರಿಕದಲ್ಲಿರುವ ನಿಯಮ ಸರಳ: ಜೋರಿನ ಕಿರಣ ಪ್ರೇಕ್ಷಕರು ನಿಂತ ನೆಲದಿಂದ ಕನಿಷ್ಠ 3 ಮೀಟರ್ ಮೇಲಿರಬೇಕು. ಅನುಮತಿ ಪತ್ರದಲ್ಲಿ ಇಷ್ಟನ್ನೇ ಸೇರಿಸಲಿ, ಜೊತೆಗೆ ಯಂತ್ರದ ವರ್ಗ ಬರೆದ ಲೇಬಲ್ಲಿನ ಫೋಟೋ ಕೇಳಲಿ. ಲೇಬಲ್ ಇಲ್ಲದ ಪೆಟ್ಟಿಗೆ ಗಾಡಿ ಹತ್ತಬಾರದು. ಇದಕ್ಕೆ ಹೊಸ ಇಲಾಖೆ ಬೇಕಿಲ್ಲ, ಬಜೆಟ್ಟೂ ಬೇಕಿಲ್ಲ.

ಸುಟ್ಟ ರೆಟಿನಾ ಮತ್ತೆ ಚಿಗುರಲ್ಲ. ತೋರಿಸೋಕಾದರೂ ಹೋಬಳಿಯಿಂದ ಬಸ್ ಹತ್ತಲೇಬೇಕು. ದೊಡ್ಡಪ್ಪನಿಗೆ ಇನ್ನೂ ಎರಡು ಸಿಟ್ಟಿಂಗ್ ಬಾಕಿ ಇವೆ. ಆ ದಿನ ಕೂಲಿ ಬಿಟ್ಟು ಜೊತೆಗೆ ಯಾರು ಹೋಗೋದು ಅಂತ ಮನೇಲಿ ಮಾತು ನಡೀತಿದೆ.