ರಜೆ ಮಕ್ಕಳಿಗೆ, ಲೆಕ್ಕ ದೊಡ್ಡವರಿಗೆ

ಅಮೆರಿಕದ ಸರಟೋಗಾದಲ್ಲಿ ಶಾಲೆಗಳಿಗೆ ಬೇಸಿಗೆ ರಜೆ ಸಿಗುವುದು ಜೂನ್‌ನಲ್ಲಿ. ಆದರೆ ತಂದೆ ತಾಯಂದಿರ ಓಡಾಟ ಜನವರಿಯಲ್ಲೇ ಶುರು. ಯಾವ ವಾರ ಯಾವ ಕ್ಯಾಂಪು, ಬೆಳಿಗ್ಗೆ ಯಾರು ಬಿಡೋದು, ಸಂಜೆ ಯಾರು ಕರ್ಕೊಂಡು ಬರೋದು, ಒಟ್ಟು ಎಷ್ಟು ದುಡ್ಡು ಅಂತ ಗಂಡ ಹೆಂಡತಿ ಕೂತು ಪಟ್ಟಿ ಮಾಡುತ್ತಾರೆ. ತಡ ಮಾಡಿದರೆ ಒಳ್ಳೆಯ ಕ್ಯಾಂಪುಗಳಲ್ಲಿ ಸೀಟು ಇರುವುದಿಲ್ಲ.

ಸರಟೋಗಾ ದೊಡ್ಡ ಊರೇನೂ ಅಲ್ಲ. ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ದಕ್ಷಿಣಕ್ಕೆ, ಸಿಲಿಕಾನ್ ಕಣಿವೆಯ ಅಂಚಿನಲ್ಲಿ, ಬೆಟ್ಟದ ಬುಡದಲ್ಲಿರುವ ಸುಮಾರು 30 ಸಾವಿರ ಜನರ ಊರು. ಕಂಪ್ಯೂಟರ್ ಕಂಪನಿಗಳಲ್ಲಿ ದುಡಿಯುವ ಭಾರತೀಯರು ಇಲ್ಲಿ ತುಂಬಾ ಇದ್ದಾರೆ, ಕನ್ನಡದವರೂ ಇದ್ದಾರೆ. ಅಷ್ಟು ದೊಡ್ಡ ಸಂಬಳದವರ ವಿಷಯ ಗಲ್ಫಿನಲ್ಲಿ ಅಂಗಡಿ, ಡ್ರೈವಿಂಗ್, ಕಟ್ಟಡ ಕೆಲಸ ಮಾಡುವ ನಮಗೆ ಯಾಕೆ ಎಂದು ನೀವು ಕೇಳಬಹುದು. ಸಂಬಳ ಬೇರೆ ಇರಬಹುದು, ಸಮಸ್ಯೆ ಒಂದೇ. ಶಾಲೆಗೆ ರಜೆ ಇದೆ, ದುಡಿಮೆಗೆ ರಜೆ ಇಲ್ಲ. ಆ ಎರಡರ ನಡುವೆ ಮಗು ಎಲ್ಲಿರಬೇಕು?

ಈ ಪ್ರಶ್ನೆಯ ಮೇಲೆಯೇ ಅಮೆರಿಕದಲ್ಲಿ ಒಂದು ದೊಡ್ಡ ವ್ಯಾಪಾರ ನಿಂತಿದೆ. ಅಲ್ಲಿ ಮಕ್ಕಳ ಶಿಬಿರ ಹೊಸದಲ್ಲ. ಕನೆಕ್ಟಿಕಟ್ ರಾಜ್ಯದ ಫ್ರೆಡರಿಕ್ ಗನ್ ಎಂಬ ಶಿಕ್ಷಕರು 1861ರಲ್ಲಿ ತಮ್ಮ ಶಾಲೆಯ ಹುಡುಗರನ್ನು ಕರೆದುಕೊಂಡು ಹೋಗಿ ಡೇರೆ ಹಾಕಿಸಿ ಉಳಿಸಿದ್ದೇ ಮೊದಲ ಕ್ಯಾಂಪು ಎನ್ನುತ್ತಾರೆ. ಕ್ಯಾಂಪುಗಳಿಗೆ ನಿಯಮ ರೂಪಿಸುವ ಅಮೆರಿಕನ್ ಕ್ಯಾಂಪ್ ಅಸೋಸಿಯೇಷನ್ 1910ರಲ್ಲೇ ಹುಟ್ಟಿತು. ಆಗ ಉದ್ದೇಶ ಕಾಡು, ನೀರು, ಗಾಳಿ, ದೇಹಕ್ಕೆ ಕೆಲಸ. ಈಗ ಸರಟೋಗಾ ಸುತ್ತ ನೋಡಿದರೆ ಗಣಿತಕ್ಕೊಂದು ಕ್ಯಾಂಪು, ರೋಬೋಟ್‌ಗೊಂದು, ಚೆಸ್‌ಗೊಂದು, ಭಾಷಣಕ್ಕೊಂದು, ಈಜಿಗೊಂದು. ಊರಿನ ಮೊಂಟಾಲ್ವೊ ಕಲಾ ಕೇಂದ್ರದಲ್ಲಿ ಚಿತ್ರ, ನಾಟಕಗಳ ಕ್ಯಾಂಪು. ನಗರಾಡಳಿತವೇ ನಡೆಸುವ ಕ್ಯಾಂಪುಗಳೂ ಇವೆ.

ವ್ಯಾಪಾರ ಹೇಗೆ ನಡೆಯುತ್ತದೆ ಎಂದು ನೋಡಿ. ಬೇಸಿಗೆಯಲ್ಲಿ ಶಾಲೆ, ಕಾಲೇಜುಗಳ ಕಟ್ಟಡ ಖಾಲಿ. ಆ ಖಾಲಿ ಕೋಣೆಗಳನ್ನು ಬಾಡಿಗೆಗೆ ಹಿಡಿಯುತ್ತಾರೆ. ರಜೆಯಲ್ಲಿ ಕೆಲಸ ಹುಡುಕುವ ಕಾಲೇಜು ಹುಡುಗ ಹುಡುಗಿಯರೇ ಸಿಬ್ಬಂದಿ. 1999ರಲ್ಲಿ ಇದೇ ಸಿಲಿಕಾನ್ ಕಣಿವೆಯಲ್ಲಿ ಶುರುವಾದ ಐಡಿ ಟೆಕ್ ಎಂಬ ಕಂಪನಿ ವಿಶ್ವವಿದ್ಯಾಲಯಗಳ ಆವರಣದಲ್ಲೇ ಮಕ್ಕಳಿಗೆ ಕಂಪ್ಯೂಟರ್ ಕ್ಯಾಂಪು ನಡೆಸಿ ದೊಡ್ಡದಾಯಿತು. ಮಗು ದೊಡ್ಡ ವಿಶ್ವವಿದ್ಯಾಲಯದ ಅಂಗಳದಲ್ಲಿ ಒಂದು ವಾರ ಓಡಾಡಿತು ಅನ್ನುವುದಕ್ಕೂ ಪೋಷಕರು ದುಡ್ಡು ಕೊಡುತ್ತಾರೆ. ಕೆಲವು ಕ್ಯಾಂಪುಗಳಲ್ಲಿ 14, 15 ವರ್ಷದವರು 'ತರಬೇತಿಯಲ್ಲಿರುವ ನಾಯಕ' ಎಂಬ ಹೆಸರಲ್ಲಿ ಚಿಕ್ಕ ಮಕ್ಕಳನ್ನು ನೋಡಿಕೊಳ್ಳುತ್ತಾರೆ, ಅದಕ್ಕೆ ಅವರೇ ಫೀಸು ಕಟ್ಟುತ್ತಾರೆ!

ಈ ಕಡೆ ದಿನಪೂರ್ತಿ ಕ್ಯಾಂಪಿಗೆ ವಾರಕ್ಕೆ ತಲಾ 400 ಡಾಲರ್ ದಾಟುವುದು ಸಾಮಾನ್ಯ. 500 ಅಂತ ಹಿಡಿಯಿರಿ. ಇಬ್ಬರು ಮಕ್ಕಳು, ಹತ್ತು ವಾರ ಅಂದರೆ 10,000 ಡಾಲರ್. ಎಷ್ಟೋ ಕ್ಯಾಂಪು ಮಧ್ಯಾಹ್ನ ಮೂರು ಗಂಟೆಗೆ ಮುಗಿಯುತ್ತದೆ. ಆಫೀಸು ಮುಗಿಯುವವರೆಗೆ ಮಗುವನ್ನು ಇಟ್ಟುಕೊಳ್ಳಲು ಬೇರೆ ದುಡ್ಡು. ಹಾಗಾಗಿಯೇ ಇಲ್ಲಿನ ಎಷ್ಟೋ ಮನೆಗಳು ಊರಿಂದ ಅಜ್ಜ ಅಜ್ಜಿಯನ್ನು ಆರು ತಿಂಗಳ ಮಟ್ಟಿಗೆ ಕರೆಸಿಕೊಳ್ಳುತ್ತವೆ. ಅಜ್ಜಿ ಫೀಸು ಕೇಳುವುದಿಲ್ಲ, ಊಟ ಮಾಡಿ ಹಾಕುತ್ತಾರೆ, ಕನ್ನಡವನ್ನೂ ಕಲಿಸುತ್ತಾರೆ. ಆದರೆ ಕಾರು ಓಡಿಸಲು ಬಾರದ ಅಜ್ಜಿಗೆ ಆ ಮನೆಯೊಳಗೆ ದಿನ ಕಳೆಯೋದು ಎಷ್ಟು ಕಷ್ಟ ಅಂತ ಕೇಳುವವರು ಕಡಿಮೆ.

ಹಾಗಾದರೆ ಕ್ಯಾಂಪು ಮಾರುವುದು ಏನನ್ನು? ಜಾಹೀರಾತಿನಲ್ಲಿ ರೋಬೋಟ್ ಇರುತ್ತದೆ, ನಿಜದಲ್ಲಿ ಮಾರಾಟವಾಗುವುದು ಮಗುವಿನ ಪಾಲನೆ. ಅಮೆರಿಕದ ತೆರಿಗೆ ಇಲಾಖೆಗೆ ಇದು ಚೆನ್ನಾಗಿ ಗೊತ್ತು. ದುಡಿಯುವ ತಂದೆ ತಾಯಿ 13 ವರ್ಷದೊಳಗಿನ ಮಗುವನ್ನು ಹಗಲಿನ ಕ್ಯಾಂಪಿಗೆ ಕಳಿಸಿದರೆ ಆ ಖರ್ಚನ್ನು ಮಕ್ಕಳ ಪಾಲನೆಯ ಖರ್ಚು ಎಂದು ಲೆಕ್ಕ ಹಿಡಿದು ತೆರಿಗೆಯಲ್ಲಿ ರಿಯಾಯಿತಿ ಕೊಡುತ್ತಾರೆ. ರಾತ್ರಿ ಉಳಿಯುವ ಕ್ಯಾಂಪಿಗೆ ಈ ರಿಯಾಯಿತಿ ಇಲ್ಲ.

ಲಾಭ ಏನೂ ಇಲ್ಲವೇ? ಖಂಡಿತ ಇದೆ, ಆದರೆ ಅದು ನಾವು ಅಂದುಕೊಂಡ ಕಡೆ ಇಲ್ಲ. ರಜೆಯಲ್ಲಿ ಬಡ ಮಕ್ಕಳು ಕಲಿತದ್ದನ್ನು ಮರೆಯುತ್ತಾರೆ, ಉಳ್ಳವರ ಮಕ್ಕಳು ಮುಂದೆ ಹೋಗುತ್ತಾರೆ ಎಂದು ಬಾಲ್ಟಿಮೋರ್ ನಗರದ ಮಕ್ಕಳನ್ನು ವರ್ಷಾನುಗಟ್ಟಲೆ ಗಮನಿಸಿದ ಒಂದು ಪ್ರಸಿದ್ಧ ಅಧ್ಯಯನ ಹೇಳಿತ್ತು. ನಂತರ ಬಂದ ಸಂಶೋಧಕರು ಆ ಲೆಕ್ಕವನ್ನೇ ಪ್ರಶ್ನಿಸಿದ್ದಾರೆ. ಹಾಗಾಗಿ 'ಕ್ಯಾಂಪಿಗೆ ಕಳಿಸದಿದ್ದರೆ ಮಗು ಹಿಂದೆ ಬೀಳುತ್ತೆ' ಎಂದು ಯಾರಾದರೂ ಹೆದರಿಸಿದರೆ ಹೆದರಬೇಕಾಗಿಲ್ಲ.

ಇನ್ನೊಂದು ಸಂಶೋಧನೆ ನಮಗೆ ಹೆಚ್ಚು ಹತ್ತಿರದ್ದು. ಲಾಸ್ ಏಂಜಲೀಸ್‌ನ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದವರು 2014ರಲ್ಲಿ ಪ್ರಕಟಿಸಿದ್ದು. ಆರನೇ ತರಗತಿಯ ಸುಮಾರು ಐವತ್ತು ಮಕ್ಕಳನ್ನು ಐದು ದಿನ ಮೊಬೈಲ್, ಟಿವಿ ಏನೂ ಇಲ್ಲದ ಬೆಟ್ಟದ ಕ್ಯಾಂಪಿನಲ್ಲಿ ಇಟ್ಟರು. ಅದೇ ಶಾಲೆಯ ಇನ್ನಷ್ಟು ಮಕ್ಕಳು ಎಂದಿನಂತೆ ಇದ್ದರು. ಎದುರಿನವರ ಮುಖ ನೋಡಿ ಅವರಿಗೆ ಸಿಟ್ಟೋ, ದುಃಖವೋ, ಖುಷಿಯೋ ಎಂದು ಗುರುತಿಸುವುದರಲ್ಲಿ ಕ್ಯಾಂಪಿನ ಮಕ್ಕಳು ಐದೇ ದಿನದಲ್ಲಿ ಹೆಚ್ಚು ಸುಧಾರಿಸಿದ್ದರು. ಅಲ್ಲಿ ಯಾರೂ ಕೋಡಿಂಗ್ ಕಲಿಸಿರಲಿಲ್ಲ. ಮಕ್ಕಳು ಮಕ್ಕಳ ಜೊತೆ ಇದ್ದರು, ಅಷ್ಟೇ.

ಸರಟೋಗಾದಿಂದ ಸ್ವಲ್ಪ ದೂರ, ಲಾಸ್ ಆಲ್ಟೋಸ್ ಹಿಲ್ಸ್‌ನಲ್ಲಿ ಹಿಡನ್ ವಿಲ್ಲಾ ಎಂಬ ತೋಟ ಇದೆ. ಕರಿಯರು ಬಿಳಿಯರು ಒಟ್ಟಿಗೆ ಕೂರುವುದೂ ಕಷ್ಟವಾಗಿದ್ದ ಕಾಲದಲ್ಲಿ, 1945ರಲ್ಲಿ, ಡುವೆನೆಕ್ ದಂಪತಿ ಅಲ್ಲಿ ಎಲ್ಲ ಜನಾಂಗದ ಮಕ್ಕಳನ್ನೂ ಸೇರಿಸಿ ಬೇಸಿಗೆ ಕ್ಯಾಂಪು ಆರಂಭಿಸಿದರು. ಒಳ್ಳೆಯ ಶಿಬಿರ ಅಂದರೆ ನನ್ನ ಪ್ರಕಾರ ಇದು. ಮನೆಯಲ್ಲಿ, ಕ್ಲಾಸಿನಲ್ಲಿ ಸಿಗದ ಜೊತೆ ಅಲ್ಲಿ ಸಿಗಬೇಕು.

ಈಗ ನಮ್ಮ ಊರಿಗೆ ಬರೋಣ. ದಕ್ಷಿಣ ಕನ್ನಡ, ಉಡುಪಿಯಲ್ಲಿ ಶಾಲೆಗೆ ರಜೆ ಏಪ್ರಿಲ್ ಎರಡನೇ ವಾರದಿಂದ ಮೇ ಕೊನೆಯವರೆಗೆ. ಗಲ್ಫಿನ ಭಾರತೀಯ ಶಾಲೆಗಳಿಗೆ ದೊಡ್ಡ ರಜೆ ಜುಲೈ, ಆಗಸ್ಟ್. ಫ್ಯಾಮಿಲಿ ಅಲ್ಲಿರುವವರು ವಿಮಾನದ ಟಿಕೆಟಿಗೆ ದುಪ್ಪಟ್ಟು ಸುರಿದು ಊರಿಗೆ ಬಂದರೆ ಇಲ್ಲಿ ಜಡಿಮಳೆ, ಓರಗೆಯ ಮಕ್ಕಳೆಲ್ಲ ಶಾಲೆಯಲ್ಲಿ. ಫ್ಯಾಮಿಲಿ ಊರಲ್ಲಿರುವವರ ಕತೆ ಇನ್ನೊಂದು. ಉಪ್ಪ ರಿಯಾದ್‌ನಲ್ಲೋ ದುಬೈನಲ್ಲೋ. ಇಲ್ಲಿ ಏಳು ವಾರ ಉಮ್ಮ ಒಬ್ಬರೇ ಮೂರ್ನಾಲ್ಕು ಮಕ್ಕಳನ್ನು ಹಿಡಿದಿಡಬೇಕು. ಅಡುಗೆ, ಬಟ್ಟೆ, ವಯಸ್ಸಾದ ಅತ್ತೆಯ ಮದ್ದು, ಬ್ಯಾಂಕ್ ಕೆಲಸ ಎಲ್ಲ ಅವರ ಮೇಲೆಯೇ. ಮಕ್ಕಳ ಕೈಗೆ ಮೊಬೈಲ್ ಕೊಟ್ಟರೆ ಮನೆ ಸ್ವಲ್ಪ ಹೊತ್ತು ಶಾಂತ. ಅದಕ್ಕೆ ಉಮ್ಮನನ್ನು ಬೈಯೋದು ಸುಲಭ, ಬದಲಿ ವ್ಯವಸ್ಥೆ ಮಾಡಿಕೊಡುವುದು ಕಷ್ಟ.

'ನಾವು ಚಿಕ್ಕವರಿದ್ದಾಗ ಯಾವ ಕ್ಯಾಂಪ್ ಇತ್ತು? ನಾವು ಬೆಳೆದಿಲ್ವಾ?' ಎಂದು ಹಿರಿಯರು ಕೇಳುತ್ತಾರೆ. ಇತ್ತು, ಹೆಸರು ಇರಲಿಲ್ಲ ಅಷ್ಟೇ. ಒಂದೇ ಅಂಗಳಕ್ಕೆ ಮೂರು ಮನೆಯ ಮಕ್ಕಳು ಸೇರುತ್ತಿದ್ದರು. ಗೇರುಗುಡ್ಡೆ, ಮಾವಿನಮರ, ಕೊಯ್ಲಾದ ಗದ್ದೆ ಇತ್ತು. ಮಕ್ಕಳ ಮೇಲೆ ಹತ್ತು ಜೋಡಿ ಕಣ್ಣು ಇತ್ತು. ನಮ್ಮ ಗಲ್ಫ್ ದುಡ್ಡಿನಲ್ಲೇ ಆ ಅಂಗಳಗಳಿಗೆ ಕಾಂಪೌಂಡ್ ಗೋಡೆ ಬಂತು, ಗದ್ದೆಗಳು ಸೈಟಾದವು. ಮನೆ ದೊಡ್ಡದಾಯಿತು, ಮಗುವಿಗೆ ಜೊತೆ ಇಲ್ಲದಾಯಿತು.

ಇದಕ್ಕಿಂತ ದೊಡ್ಡ ಭಯ ನೀರಿನದ್ದು. ನೇತ್ರಾವತಿ, ಕುಮಾರಧಾರಾ, ಫಲ್ಗುಣಿ, ಕಡಲು, ಕಲ್ಲುಕೋರೆಯ ಹೊಂಡ. ರಜೆಯಲ್ಲಿ ಸ್ನಾನಕ್ಕೆ ಇಳಿದ ಮಕ್ಕಳು ಹಿಂದಿರುಗದ ಸುದ್ದಿ ಗಲ್ಫಿನಲ್ಲಿ ಕೂತು ವಾಟ್ಸಾಪ್‌ನಲ್ಲಿ ನೋಡದವರು ನಮ್ಮಲ್ಲಿ ಯಾರಿದ್ದಾರೆ? ಮಗುವಿನ ಮುಖ ನೋಡಲು ಟಿಕೆಟ್ ಹುಡುಕುವ ಉಪ್ಪನ ಸ್ಥಿತಿ ಯಾರಿಗೂ ಬರಬಾರದು. ಆರು ವರ್ಷ ದಾಟಿದ ಮಕ್ಕಳಿಗೆ ಈಜು ಮತ್ತು ನೀರಿನ ಸುರಕ್ಷತೆ ಕಲಿಸಬೇಕು ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಸರಟೋಗಾದ ಮಗು ಮನೆಯ ಹಿಂದಿನ ಕೊಳದಲ್ಲಿ ಈಜು ಕಲಿಯುತ್ತದೆ ನಿಜ, ಆದರೆ ಬಾಂಗ್ಲಾದೇಶದ ಹಳ್ಳಿಗಳನ್ನು ನೋಡಿ. ಅಲ್ಲಿ ಸ್ವಿಮ್‌ಸೇಫ್ ಎಂಬ ಯೋಜನೆಯಲ್ಲಿ ಊರಿನ ಕೆರೆಯೊಳಗೇ ಬಿದಿರಿನ ಅಟ್ಟ ಕಟ್ಟಿ, ಸ್ಥಳೀಯ ಯುವಕ ಯುವತಿಯರಿಂದಲೇ ಲಕ್ಷಾಂತರ ಮಕ್ಕಳಿಗೆ ಈಜು ಕಲಿಸಿದ್ದಾರೆ. ನಮಗಿಂತ ಬಡವರು ಮಾಡಿದ್ದಾರೆ. ನಮ್ಮಲ್ಲಿ ಮಂಗಳೂರಿನ ಲೇಡಿಹಿಲ್‌ನಲ್ಲಿ ಪಾಲಿಕೆಯ ಮಂಗಳಾ ಈಜುಕೊಳವೇ ಇದೆ.

ಈಗ ನಮ್ಮ ಪೇಟೆಗಳಲ್ಲೂ ಮಾರ್ಚ್ ಬಂದರೆ ಸಮ್ಮರ್ ಕ್ಯಾಂಪಿನ ಬ್ಯಾನರ್. ಕೆಲವು ಒಳ್ಳೆಯವು. ಕೆಲವು ಬರೀ ದುಡ್ಡು ಕೀಳುವ ದಂಧೆ. ಕಣ್ಣಿಗೆ ಬಟ್ಟೆ ಕಟ್ಟಿ ಓದಿಸುತ್ತೇವೆ ಎನ್ನುವ 'ಮಿಡ್ ಬ್ರೇನ್ ಆಕ್ಟಿವೇಶನ್' ಕೋರ್ಸುಗಳಿಗೆ ಸಾವಿರಾರು ರೂಪಾಯಿ ಕೊಟ್ಟವರಿದ್ದಾರೆ. ಮಗು ಮೂಗಿನ ಸಂದಿಯಿಂದ ಇಣುಕಿ ಓದುತ್ತದೆ ಎಂದು ಮಂಗಳೂರಿನ ವಿಚಾರವಾದಿ ನರೇಂದ್ರ ನಾಯಕ್ ಎಷ್ಟೋ ಕಡೆ ತೋರಿಸಿಕೊಟ್ಟಿದ್ದಾರೆ. ದೂರದಲ್ಲಿರುವ ಉಪ್ಪನಿಗೆ ಮಗನ ಬಗ್ಗೆ ಏನಾದರೂ ಮಾಡಬೇಕೆಂಬ ತವಕ ಇರುತ್ತದೆ. ಇಂಥವರು ಬೇಟೆಯಾಡುವುದು ಆ ತವಕವನ್ನೇ.

ಕಡಿಮೆ ಖರ್ಚಿನ ಒಳ್ಳೆಯ ಮಾದರಿಗಳು ನಮ್ಮ ರಾಜ್ಯದಲ್ಲೇ ಇವೆ. ಮೈಸೂರಿನ ರಂಗಾಯಣದ ಚಿಣ್ಣರ ಮೇಳ ಹೆಸರುವಾಸಿ. ಇತ್ತೀಚಿನ ವರ್ಷಗಳಲ್ಲಿ ಗ್ರಾಮ ಪಂಚಾಯಿತಿಯ ಗ್ರಂಥಾಲಯಗಳಲ್ಲಿ, ಅಂದರೆ ಅರಿವು ಕೇಂದ್ರಗಳಲ್ಲಿ, ಹಳ್ಳಿ ಮಕ್ಕಳಿಗೆ ಬೇಸಿಗೆ ಶಿಬಿರ ನಡೆದಿದೆ. ನಿಮ್ಮ ಪಂಚಾಯಿತಿಯಲ್ಲಿ ನಡೆಯುತ್ತದೆಯೇ ಎಂದು ಮನೆಯವರಿಗೆ ವಿಚಾರಿಸಲು ಹೇಳಿ.

ಇಲ್ಲದಿದ್ದರೆ ನಾವೇ ಮಾಡೋಣ. ಪ್ರತಿ ಜಮಾಅತಿಗೂ ಒಂದು ಹಾಲ್ ಇದೆ, ಸರ್ಕಾರಿ ಶಾಲೆಯ ಕಟ್ಟಡ ರಜೆಯಲ್ಲಿ ಖಾಲಿ ಇದೆ. ಬೆಳಿಗ್ಗೆ ಮದ್ರಸ ಮುಗಿದ ಮೇಲೆ ಹತ್ತರಿಂದ ಮೂರೂವರೆಯವರೆಗೆ, ಹನ್ನೆರಡು ದಿನ, 40 ಮಕ್ಕಳು. ಹಗಲಿನ ಕ್ಯಾಂಪಿನಲ್ಲಿ 9ರಿಂದ 14 ವರ್ಷದ ಹತ್ತು ಮಕ್ಕಳಿಗೆ ಒಬ್ಬರು ದೊಡ್ಡವರು ಇರಬೇಕೆನ್ನುವುದು ಅಮೆರಿಕನ್ ಕ್ಯಾಂಪ್ ಅಸೋಸಿಯೇಷನ್ನಿನ ಲೆಕ್ಕ. ಹಾಗಾದರೆ ನಾಲ್ಕು ಜನ ಬೇಕು, ಕಾಲೇಜು ಓದುವ ನಮ್ಮ ಹುಡುಗ ಹುಡುಗಿಯರೇ ಸಾಕು. ದಿನಕ್ಕೆ 500 ರೂಪಾಯಿಯಂತೆ ಅವರಿಗೆ 24,000. ಊಟ, ತಿಂಡಿ, ಕಾಗದ, ಬಣ್ಣಕ್ಕೆ ಮಗುವಿಗೆ ದಿನಕ್ಕೆ 100 ರೂಪಾಯಿಯಂತೆ 48,000. ಈಜು ತರಬೇತಿ ಮತ್ತು ವಾಹನಕ್ಕೆ 28,000 ಇಟ್ಟರೆ ಒಟ್ಟು ಒಂದು ಲಕ್ಷ. ಊರಿನ 50 ಮಂದಿ ಗಲ್ಫಿನಿಂದ ತಲಾ 2,000 ಹಾಕಿದರೆ ಮುಗಿಯಿತು. ಯಾವ ಮಗುವಿಗೂ ಫೀಸು ಬೇಡ. ಸರಟೋಗಾದಲ್ಲಿ ಒಂದು ಮನೆಯ ಎರಡು ಮಕ್ಕಳ ಎರಡು ವಾರಕ್ಕೆ ಇದಕ್ಕಿಂತ ಜಾಸ್ತಿ ಖರ್ಚಾಗುತ್ತದೆ.

ಏನು ಕಲಿಸಬೇಕು? ಮೊದಲು ಈಜು. ಆಮೇಲೆ ಪ್ರಥಮ ಚಿಕಿತ್ಸೆ, ಅಡುಗೆ, ತೋಟದ ಕೆಲಸ, ಕಬಡ್ಡಿ. ಒಂದು ದಿನ ಪಿಲಿಕುಳದ ವಿಜ್ಞಾನ ಕೇಂದ್ರ. ಒಂದು ದಿನ ಊರಿನ ಹಿರಿಯರಿಂದ ಬ್ಯಾರಿ ಭಾಷೆಯ ಒಗಟು, ಗಾದೆ, ಹಳೆಯ ಕಡಲ ಕತೆ. ಇನ್ನೊಂದು ದಿನ ಉಪ್ಪನಿಗೆ ಕನ್ನಡದಲ್ಲಿ ಕೈಬರಹದ ಕಾಗದ. ವಾಯ್ಸ್ ಮೆಸೇಜಿನಲ್ಲಿ 'ಚೆನ್ನಾಗಿದ್ದೇನೆ' ಎನ್ನುವ ಮಗು ಕಾಗದದಲ್ಲಿ ಬೇರೆ ಏನೋ ಬರೆಯಬಹುದು. ಹೆಣ್ಣು ಮಕ್ಕಳನ್ನು ಬಿಡಬೇಡಿ. ಅವರಿಗೆ ಮಹಿಳಾ ತರಬೇತುದಾರರು, ಬೇರೆ ಹೊತ್ತಿನ ಈಜು ಏರ್ಪಡಿಸಿ. ನದಿ ಗಂಡು ಹೆಣ್ಣು ನೋಡಿ ಎಳೆಯುವುದಿಲ್ಲ.

ಅಮೆರಿಕದ ಕ್ಯಾಂಪುಗಳಿಂದ ಕಲಿಯಬೇಕಾದ ಮುಖ್ಯ ವಿಷಯ ಶಿಸ್ತು. ಸಿಬ್ಬಂದಿಯ ಹಿನ್ನೆಲೆ ವಿಚಾರಿಸದೆ ಸೇರಿಸಿಕೊಳ್ಳಬಾರದು. ಒಬ್ಬ ದೊಡ್ಡವರು ಒಂದು ಮಗುವಿನ ಜೊತೆ ಒಂಟಿಯಾಗಿ ಇರಬಾರದು, ಅವರು ಯಾರೇ ಆಗಲಿ, ಎಷ್ಟೇ ಗೌರವಸ್ಥರಾಗಲಿ. ಮಗುವನ್ನು ಕರೆದುಕೊಂಡು ಹೋಗುವವರ ಹೆಸರು ಮೊದಲೇ ಬರೆದಿರಬೇಕು. ಈಜು ಕೊಳದಲ್ಲಿ ಮಾತ್ರ, ಹೊಳೆಯಲ್ಲಿ ಬೇಡ. ಮಕ್ಕಳ ಸಹಾಯವಾಣಿ 1098 ಗೋಡೆಯ ಮೇಲೆ ದೊಡ್ಡದಾಗಿ ಬರೆದಿರಬೇಕು. ಇದನ್ನೆಲ್ಲ ಪಾಲಿಸಲು ಆಗದಿದ್ದರೆ ಶಿಬಿರ ಮಾಡದಿರುವುದೇ ವಾಸಿ.

ನಾವು ಮಸೀದಿಗೆ, ಮದುವೆಗೆ, ಆಸ್ಪತ್ರೆ ಖರ್ಚಿಗೆ ಕೈ ಬಿಚ್ಚಿ ಕೊಡುವ ಜನ. ಮಕ್ಕಳ ರಜೆಯೂ ಸಮುದಾಯದ ಜವಾಬ್ದಾರಿ ಎಂದು ಇನ್ನೂ ಲೆಕ್ಕಕ್ಕೆ ಹಿಡಿದಿಲ್ಲ. ಈ ಸಂಚಿಕೆ ಓದಿದ ಮೇಲೆ ನಿಮ್ಮ ಊರಿನ ಗ್ರೂಪಿನಲ್ಲಿ ಒಂದು ಮಾತು ಹಾಕಿ: ನಮ್ಮಲ್ಲಿ ಎಂಟರಿಂದ ಹದಿನಾಲ್ಕು ವರ್ಷದ ಮಕ್ಕಳು ಎಷ್ಟಿದ್ದಾರೆ, ಅವರಲ್ಲಿ ಈಜು ಬರುವವರು ಎಷ್ಟು? ಉತ್ತರ ಬಂದ ಮೇಲೆ ಮುಂದಿನ ಕೆಲಸ ಏನೆಂದು ಯಾರೂ ಹೇಳಿಕೊಡಬೇಕಾಗಿಲ್ಲ.