ಪ್ರಕಾಶಂ ಪಂತುಲು ಮೇಲಿನ ಆರೋಪಪಟ್ಟಿ

‘ಸ್ವರಾಜ್ಯ’ ಪತ್ರಿಕೆಯ ಸಂಪಾದಕ, ಆಂಧ್ರದ ಮೊದಲ ಮುಖ್ಯಮಂತ್ರಿ ಟಂಗುಟೂರಿ ಪ್ರಕಾಶಂ ಪಂತುಲು ಹೆಸರೆತ್ತಿದರೆ ಸಾಕು, ಅವರನ್ನು ಕಂಡರಾಗದವರು ಹಳೆಯ ಆರೋಪಪಟ್ಟಿ ಬಿಚ್ಚುತ್ತಾರೆ. ಪತ್ರಿಕೆಯನ್ನು ಏಣಿ ಮಾಡಿಕೊಂಡರು, ಆಮೇಲೆ ಅದನ್ನೇ ಮುಳುಗಿಸಿದರು, ಪೊಲೀಸರೆದುರು ನಾಟಕವಾಡಿದರು, ಪಕ್ಷದಿಂದ ಪಕ್ಷಕ್ಕೆ ಹಾರಿದರು, ಎರಡು ಸಲ ಕುರ್ಚಿ ಸಿಕ್ಕರೂ ಉಳಿಸಿಕೊಳ್ಳಲಿಲ್ಲ.

ಮೊದಲು ಏಣಿಯ ಮಾತು. 1921ರಲ್ಲಿ ‘ಸ್ವರಾಜ್ಯ’ ಶುರುವಾದಾಗ ಪ್ರಕಾಶಂ ಮದ್ರಾಸಿನಲ್ಲಿ ಕೈತುಂಬ ಸಂಪಾದಿಸುತ್ತಿದ್ದ ಬ್ಯಾರಿಸ್ಟರ್. ‘ಲಾ ಟೈಮ್ಸ್’ ಪತ್ರಿಕೆ ನಡೆಸಿದ ಅನುಭವವೂ ಇತ್ತು. ಅಸಹಕಾರದ ಕರೆಗೆ ಓಗೊಟ್ಟು ವಕೀಲಿ ಬಿಟ್ಟರು. ಇಂಗ್ಲಿಷ್, ತೆಲುಗು, ತಮಿಳು ಮೂರರಲ್ಲೂ ಪತ್ರಿಕೆ ಹೊರಡಿಸಲು ಗಳಿಸಿದ್ದನ್ನೆಲ್ಲ ಸುರಿದರು. ಮೊದಲ ಸಲ ಮಂತ್ರಿಯಾದದ್ದು 1937ರಲ್ಲಿ. ಅಷ್ಟು ಹೊತ್ತಿಗೆ ಪತ್ರಿಕೆಯೇ ನಿಂತುಹೋಗಿತ್ತು. ಏಣಿ ಮುರಿದುಬಿದ್ದ ಮೇಲೆ ಮೇಲೇರಿದವರನ್ನು ಅದೇ ಏಣಿ ಹತ್ತಿದವರೆಂದು ದೂರುವುದು ಹೇಗೋ ನನಗಂತೂ ತಿಳಿಯದು.

ಪತ್ರಿಕೆ ಮುಳುಗಿತು, ನಿಜ. ಲೆಕ್ಕ ಅವರ ಕೈಗೆ ಹತ್ತಲಿಲ್ಲ, ನೌಕರರು ಸಂಬಳಕ್ಕೆ ಕಾದರು. ಇದನ್ನು ಮುಚ್ಚಿಡಬೇಕಾದ್ದಿಲ್ಲ. ಆದರೆ ಸರಕಾರವನ್ನು ದಿನವೂ ಕೆಣಕುವ ಪತ್ರಿಕೆಗೆ ಜಾಹೀರಾತು ಕೊಡುವವರು ಯಾರು? ಎದುರಿಗೆ ‘ದಿ ಹಿಂದೂ’ವಿನಂಥ ಬೇರೂರಿದ ಪತ್ರಿಕೆ ಬೇರೆ. ಇಷ್ಟಾದರೂ ಪತ್ರಕರ್ತ ಖಾಸಾ ಸುಬ್ಬರಾವ್ ಅಂಥವರು ಪಳಗಿದ್ದು ಅಲ್ಲಿಯೇ. 1956ರಲ್ಲಿ ಅವರು ರಾಜಾಜಿಯವರ ಆಶ್ರಯದಲ್ಲಿ ಹೊಸ ವಾರಪತ್ರಿಕೆ ತೆಗೆದಾಗ ಅದಕ್ಕಿಟ್ಟ ಹೆಸರೂ ‘ಸ್ವರಾಜ್ಯ’. ರಾಜಾಜಿ ಎಂದರೆ ಪ್ರಕಾಶಂ ಅವರ ಜನ್ಮದ ಎದುರಾಳಿ. ವಿಧಿಗೂ ಹಾಸ್ಯಪ್ರಜ್ಞೆ ಇರಬೇಕು.

ಜನ ಕೊಟ್ಟ ಹಮ್ಮಿಣಿಯನ್ನು ಸ್ವಂತಕ್ಕೆ ಬಳಸಿಕೊಂಡರೆಂಬ ದೂರು ಇದರ ಬಾಲಂಗೋಚಿ. ಗಾಂಧೀಜಿಯೇ ಆಕ್ಷೇಪಿಸಿದ್ದರಿಂದ ಇದನ್ನು ಹಗುರವಾಗಿ ತಳ್ಳಿಹಾಕಲಾರೆ. ಆದರೂ ಇದ್ದದ್ದನ್ನೆಲ್ಲ ಚಳವಳಿಗೆ ಹಾಕಿ ಬರಿಗೈಯಾದವರಿಗೆ ಊರವರು ಬಹಿರಂಗವಾಗಿ ಕೊಟ್ಟ ಹಣ ಅದು. ಲಂಚದ ಸಾಲಿನಲ್ಲಿ ಅದನ್ನಿಡುವುದು ಅನ್ಯಾಯ.

ನಾಟಕವೆನ್ನುವವರು 1928ರ ಫೆಬ್ರವರಿ 3ರಂದು ನಡೆದದ್ದನ್ನು ಸರಿಯಾಗಿ ಕೇಳಿಸಿಕೊಳ್ಳಲಿ. ಸೈಮನ್ ಆಯೋಗದ ವಿರುದ್ಧ ಮದ್ರಾಸಿನಲ್ಲಿ ಹರತಾಳ. ಹೈಕೋರ್ಟಿನ ಬಳಿ ಪೊಲೀಸರು ಗುಂಡು ಹಾರಿಸಿ ಪಾರ್ಥಸಾರಥಿ ಎಂಬಾತ ಸತ್ತಿದ್ದ. ಶವ ನೋಡಲು ಹೊರಟ ಪ್ರಕಾಶಂ ಅವರನ್ನು ಪೊಲೀಸರು ತಡೆದು, ಮುಂದೆ ಬಂದರೆ ಸುಡುತ್ತೇವೆಂದರು. ಅವರು ಅಂಗಿ ಸರಿಸಿ ಎದೆಯೊಡ್ಡಿದರು. ಆಗ ಅವರಿಗೆ 55 ದಾಟಿತ್ತು. ತಾಲೀಮು ಮಾಡಿದ ನಾಟಕದಲ್ಲಿ ಬಂದೂಕಿಗೆ ಗುಂಡು ತುಂಬಿರುವುದಿಲ್ಲ. ‘ಆಂಧ್ರಕೇಸರಿ’ ಎಂಬ ಬಿರುದು ನಿಂತದ್ದು ಆ ದಿನದಿಂದ.

ಪಕ್ಷಾಂತರದ ಆರೋಪದಲ್ಲಿ ಹುರುಳಿದೆ. ಕಾಂಗ್ರೆಸ್ ಬಿಟ್ಟು ಪ್ರಜಾ ಪಕ್ಷ, ಅಲ್ಲಿಂದ ಕೃಪಲಾನಿಯವರ ಕಿಸಾನ್ ಮಜ್ದೂರ್ ಪ್ರಜಾ ಪಕ್ಷ, ಅದು ಸಮಾಜವಾದಿಗಳೊಡನೆ ಕೂಡಿದಾಗ ಪ್ರಜಾ ಸಮಾಜವಾದಿ ಪಕ್ಷ. 1953ರಲ್ಲಿ ಅದನ್ನೂ ಬಿಟ್ಟು ಕಾಂಗ್ರೆಸ್ಸಿನ ಬೆಂಬಲದಿಂದ ಆಂಧ್ರದ ಮೊದಲ ಮುಖ್ಯಮಂತ್ರಿ. ಆ ಕೊನೆಯ ಜಿಗಿತವನ್ನು ನಾನೂ ಸಮರ್ಥಿಸುವುದಿಲ್ಲ. ಅದಕ್ಕಿಂತ ದೊಡ್ಡ ಕಪ್ಪುಚುಕ್ಕೆ ಇನ್ನೊಂದಿದೆ, ಎದುರಾಳಿಗಳು ಅದನ್ನು ಎತ್ತುವುದೇ ಇಲ್ಲ. 1947ರ ಜನವರಿಯಲ್ಲಿ ಅವರು ಮುಖ್ಯಸ್ಥರಾಗಿದ್ದ ಮದ್ರಾಸ್ ಸರಕಾರ ಸುಗ್ರೀವಾಜ್ಞೆ ಹೊರಡಿಸಿ ಕಮ್ಯುನಿಸ್ಟರನ್ನು ವಿಚಾರಣೆಯಿಲ್ಲದೆ ಸೆರೆಯಲ್ಲಿಟ್ಟಿತು. ದಬ್ಬಾಳಿಕೆಯ ಕಾನೂನುಗಳ ವಿರುದ್ಧ ಬರೆದ ಸಂಪಾದಕನ ಕೈಯಿಂದ ಬಂದ ಆಜ್ಞೆ ಅದು. ಇದಕ್ಕೆ ನನ್ನಲ್ಲಿ ಉತ್ತರವಿಲ್ಲ.

ನಮ್ಮ ಕನ್ನಡಿಗರದೊಂದು ಮುನಿಸಿದೆ: ಆದವಾನಿ, ಆಲೂರು, ರಾಯದುರ್ಗ ಆಂಧ್ರದ ಪಾಲಾಗಿ ಕೈಬಿಟ್ಟುಹೋದದ್ದು. ನೋವು ನ್ಯಾಯವಾದದ್ದೇ, ಆದರೆ ಗುರಿ ತಪ್ಪಿದೆ. ಗಡಿಯ ತೀರ್ಮಾನ ದಿಲ್ಲಿಯದು. ಬಳ್ಳಾರಿ ತಾಲೂಕನ್ನು ಮೈಸೂರಿಗೆ ಬಿಟ್ಟದ್ದು ನ್ಯಾಯಮೂರ್ತಿ ಮಿಶ್ರಾ ಅವರ ವರದಿಯ ಮೇಲೆ. ಪ್ರಕಾಶಂ ಆಂಧ್ರದಲ್ಲಿ ಅಧಿಕಾರಕ್ಕೆ ಬಂದದ್ದು ಇದೆಲ್ಲ ಮುಗಿದ ಮೇಲೆ.

ಉಳಿದದ್ದು ಅಲ್ಪಾಯುಷಿ ಸರಕಾರಗಳ ಹಂಗಣೆ. ಮದ್ರಾಸಿನಲ್ಲಿ ಹನ್ನೊಂದು ತಿಂಗಳು, ಆಗಿನ ಆಂಧ್ರದ ರಾಜಧಾನಿ ಕರ್ನೂಲಿನಲ್ಲಿ ವರ್ಷಕ್ಕೆ ಸ್ವಲ್ಪ ಹೆಚ್ಚು. ಮಂತ್ರಿಗಿರಿಯನ್ನು ಗಡಿಯಾರದಿಂದ ಅಳೆಯುವವರು 1937ರ ಕಂದಾಯ ಮಂತ್ರಿಯನ್ನು ಮರೆಯುತ್ತಾರೆ. ಜಮೀನ್ದಾರಿ ವಿಚಾರಣಾ ಸಮಿತಿಯ ಅಧ್ಯಕ್ಷರಾಗಿ ಅವರು 1938ರಲ್ಲಿ ಕೊಟ್ಟ ವರದಿ ಮೂರು ಮಾತು ಹೇಳಿತು: ಭೂಮಿ ರೈತನದು, ಜಮೀನ್ದಾರ ಬರೀ ಕಂದಾಯ ಎತ್ತುವವನು, ಗೇಣಿ 1802ರ ಮಟ್ಟಕ್ಕೆ ಇಳಿಯಬೇಕು. ದಾಖಲೆಗಳನ್ನು ಜಾಲಾಡಿ ವಾದ ಕಟ್ಟುವ ವಕೀಲ, ಹಿಂಜರಿಯದೆ ಬರೆಯುವ ಸಂಪಾದಕ ಇಬ್ಬರೂ ಅದರಲ್ಲಿದ್ದಾರೆ. 1939ರಲ್ಲಿ ಮಂತ್ರಿಮಂಡಲ ರಾಜೀನಾಮೆ ಕೊಟ್ಟಿದ್ದರಿಂದ ಅದು ಕಾನೂನಾಗಲಿಲ್ಲ. ವರದಿ ಬಂದ ಹತ್ತು ವರ್ಷದ ಮೇಲೆ, 1948ರಲ್ಲಿ, ಮದ್ರಾಸ್ ಶಾಸನಸಭೆ ಜಮೀನ್ದಾರಿಯನ್ನೇ ರದ್ದು ಮಾಡಿತು.

ಡೇರೆಗಳಲ್ಲಿ ಕಚೇರಿ ನಡೆಸುತ್ತಿದ್ದ ಕರ್ನೂಲಿನ ಸರಕಾರವೇ 1954ರಲ್ಲಿ ತಿರುಪತಿಗೆ ವೆಂಕಟೇಶ್ವರ ವಿಶ್ವವಿದ್ಯಾಲಯ ತಂದಿತು, ವಿಜಯವಾಡದಲ್ಲಿ ಕೃಷ್ಣೆಗೆ ಹೊಸ ಬ್ಯಾರೇಜಿನ ಕೆಲಸ ಹಿಡಿಯಿತು. ಅದೇ ನವೆಂಬರಿನಲ್ಲಿ ಪಾನನಿಷೇಧದ ಪ್ರಶ್ನೆಯ ಮೇಲೆ ಅವಿಶ್ವಾಸ ನಿರ್ಣಯ ಬಂತು. ನಿಷೇಧ ತೆಗೆಯಿರೆಂದು ಸರಕಾರವೇ ನೇಮಿಸಿದ ಸಮಿತಿ ಹೇಳಿದ್ದರೂ ಅವರು ಒಪ್ಪಲಿಲ್ಲ, ಒಂದೇ ಒಂದು ಮತದಿಂದ ಸೋತರು. ಕುರ್ಚಿಗೆ ಅಂಟಿಕೊಳ್ಳುವ ಆಸಾಮಿಯಾಗಿದ್ದರೆ ಹೆಂಡದ ಅಂಗಡಿ ತೆರೆಸಿ ಆ ಒಂದು ಮತ ಹೊಂದಿಸಿಕೊಳ್ಳುವುದೇನು ಕಷ್ಟವಿತ್ತು?