2048ಕ್ಕೆ ಸಮುದ್ರ ಖಾಲಿಯಂತೆ!



ನಿಮ್ಮ ಪತ್ರಿಕೆಯ ಕಳೆದ ಭಾನುವಾರದ ಪುರವಣಿಯಲ್ಲಿ ಅರ್ಧ ಪುಟ ತುಂಬಿದ 'ಸೀಸ್ಪಿರಸಿ' ಸಾಕ್ಷ್ಯಚಿತ್ರದ ಸ್ತುತಿ ಮಲ್ಪೆಗೂ ಬಂದು ಮುಟ್ಟಿತು. ಮರುದಿನ ಬೆಳಿಗ್ಗೆ ಮನೆಯೊಂದರ ಬಾಗಿಲಲ್ಲಿ ಬುಟ್ಟಿ ಇಳಿಸಿದ ಮೀನಿನ ಹೆಂಗಸಿಗೆ ಆ ಮನೆಯ ಕಾಲೇಜು ಹುಡುಗ ಪುರವಣಿ ಬಿಡಿಸಿ ತೋರಿಸಿ, 2048ಕ್ಕೆ ಸಮುದ್ರವೇ ಖಾಲಿ ಎಂದು ಪಾಠ ಹೇಳಿದ. ಆಕೆ ಬಂಗುಡೆ ಮೇಲಿನ ಐಸ್ ಸರಿಸುತ್ತಾ, "ಅಷ್ಟೊತ್ತಿಗೆ ನಾನೇ ಇರುವುದಿಲ್ಲ ಮಗಾ, ಈಗ ಅಮ್ಮನನ್ನು ಕರಿ" ಎಂದಳು.

ವೀಗನ್ ಆಹಾರದ ಪ್ರತಿಪಾದಕರಾದ, ಚಿತ್ರದ ನಿರ್ದೇಶಕ ಬ್ರಿಟನ್ನಿನ ಅಲಿ ತಬ್ರಿಜಿ ಏನು ಉಣ್ಣುತ್ತಾರೋ ಅದು ಅವರಿಷ್ಟ. ಆದರೆ ನಿಮ್ಮ ವಿಮರ್ಶಕರು ದಪ್ಪಕ್ಷರದಲ್ಲಿ ಎತ್ತಿಕೊಂಡ ಆ 2048 ಎಲ್ಲಿಯದು? 2006ರಲ್ಲಿ ಬೋರಿಸ್ ವರ್ಮ್ ಮತ್ತು ಸಂಗಡಿಗರು 'ಸೈನ್ಸ್' ಪತ್ರಿಕೆಯಲ್ಲಿ ಬರೆದ ಲೇಖನದ್ದು. ಅಲ್ಲಿ ಆ ವರ್ಷಕ್ಕೆ ಊಹಿಸಿದ ಕುಸಿತ ಎಂದರೆ ಸಿಗುವ ಮೀನು ಹಿಂದಿನ ಗರಿಷ್ಠದ ಹತ್ತನೇ ಒಂದು ಪಾಲಿಗಿಂತ ಕೆಳಗಿಳಿಯುವುದು. ಕಡಲಲ್ಲಿ ಮೀನೇ ಇಲ್ಲದಂತಾಗುವುದಲ್ಲ. 2009ರಲ್ಲಿ ಅದೇ ವರ್ಮ್, ತಮ್ಮನ್ನು ಟೀಕಿಸಿದ್ದ ರೇ ಹಿಲ್ಬಾರ್ನ್ ಜತೆ ಕೂತು, ಚೆನ್ನಾಗಿ ಅಧ್ಯಯನವಾದ ಹತ್ತು ಕಡಲ ಪ್ರದೇಶಗಳ ಪೈಕಿ ಐದರಲ್ಲಿ ಮೀನುಗಾರಿಕೆಯ ಒತ್ತಡ ಇಳಿದಿದೆ ಎಂದು ಬರೆದರು. ಚಿತ್ರ ಬಂದದ್ದು 2021ರಲ್ಲಿ. ಆ ಎರಡನೇ ಲೇಖನ ಓದಲು ಹನ್ನೊಂದು ವರ್ಷಕ್ಕೂ ಹೆಚ್ಚು ಸಮಯವಿತ್ತು!

ವಿಶ್ವಸಂಸ್ಥೆಯ ಆಹಾರ ಮತ್ತು ಕೃಷಿ ಸಂಸ್ಥೆಯ 2020ರ ವರದಿಯಲ್ಲಿ ಮಿತಿಮೀರಿ ಹಿಡಿಯಲಾದ ಮೀನು ಸಂಪತ್ತಿನ ಪಾಲು ಶೇ 34.2. ಹೆದರಿಸಲು ಅಷ್ಟೇ ಸಾಕಿತ್ತು.

ನಿರ್ಮಾಪಕ ಕಿಪ್ ಆ್ಯಂಡರ್ಸನ್ ಅವರಿಗಂತೂ ಇದು ಹಳೆಯ ಚಾಳಿ. 2014ರ 'ಕೌಸ್ಪಿರಸಿ' ಚಿತ್ರದಲ್ಲಿ ಹಸಿರುಮನೆ ಅನಿಲದ ಶೇ 51ರಷ್ಟು ಸಾಕುಪ್ರಾಣಿಗಳಿಂದ ಎಂದು ಸಾರಿದ್ದರು. ಮೇಲೆ ಹೇಳಿದ ಸಂಸ್ಥೆ 2013ರಲ್ಲೇ ಅದನ್ನು ಶೇ 14.5 ಎಂದಿತ್ತು. ಇಂಥವರ ಮಾತನ್ನು ಒಂದು ಫೋನು ಮಾಡದೆ, ಒಬ್ಬ ಕಡಲ ವಿಜ್ಞಾನಿಯನ್ನೂ ಕೇಳದೆ ನೀವು ಅಚ್ಚು ಹಾಕುತ್ತೀರಿ. ಥಾಯ್ ಹಡಗುಗಳ ಜೀತದ ಕತೆ, ಜಪಾನಿನ ತೈಜಿಯ ಡಾಲ್ಫಿನ್ ಬೇಟೆ ಎಲ್ಲ ತೋರಿಸಿ, ಕೊನೆಗೆ ಮೀನು ತಿನ್ನುವುದನ್ನೇ ಬಿಡಿ ಎನ್ನುತ್ತದೆ ಚಿತ್ರ. ತಪ್ಪು ದೊಡ್ಡ ಹಡಗಿನದು, ದಂಡ ನಾಡದೋಣಿಗೆ.

ಇನ್ನೊಂದು ಮಾತು. ಕಡಲಿನ ಬಗ್ಗೆ ಅಷ್ಟು ಕಾಳಜಿ ಇದ್ದರೆ, ಲೈಟ್ ಹಾಕಿ ಮೀನು ಹಿಡಿಯುವುದನ್ನು ಕೇಂದ್ರ ಸರ್ಕಾರ 2017ರಲ್ಲೇ ನಿಷೇಧಿಸಿತಲ್ಲ, ಆಮೇಲೂ ರಾತ್ರಿ ದೂರದಲ್ಲಿ ಝಗಮಗಿಸುವ ಬೋಟುಗಳು ಯಾರವು ಎಂದು ನಿಮ್ಮ ಪತ್ರಿಕೆ ಎಂದಾದರೂ ಕೇಳಿದೆಯೇ? ನಾಡದೋಣಿಯವರು ಕೊಟ್ಟ ಮನವಿ ಒಳಪುಟದ ಮೂಲೆಯಲ್ಲಿ ಎರಡು ಸಾಲು. ಜೂನ್ 1ರಿಂದ ಜುಲೈ 31ರವರೆಗೆ, 61 ದಿನ, ಯಾಂತ್ರಿಕ ಬೋಟುಗಳು ದಡದಲ್ಲಿ ಕಟ್ಟಿರುತ್ತವೆಂಬ ವಿಷಯವಾದರೂ ನಿಮ್ಮ ವಿಮರ್ಶಕರಿಗೆ ಗೊತ್ತೋ ಇಲ್ಲವೋ. ಬೆಂಗಳೂರಿನಲ್ಲಿ ಕೂತು ಲ್ಯಾಪ್‌ಟಾಪಿನಲ್ಲಿ ಸಮುದ್ರ ನೋಡುವವರಿಗೆ ಅದೆಲ್ಲ ಯಾಕೆ ಬೇಕು?

2048ರ ತಿದ್ದುಪಡಿ ಹಾಕಿ. ಹಾಕುವುದಾದರೆ ಅದೇ ಪುರವಣಿಯಲ್ಲಿ, ಅದೇ ದಪ್ಪಕ್ಷರದಲ್ಲಿ ಹಾಕಿ. ವಧೂವರರ ಜಾಹೀರಾತಿನ ಕೆಳಗೆ ಬೇಡ.

– ಕರಾವಳಿಯ ಓದುಗ, ಮಲ್ಪೆ